ಎರಡು ಸೂಜಿಯ ಹೊಲಿಗೆ

ಅವನು ಅಂಗಡಿಗೆ ಬಂದದ್ದು ಒಂದು ಕೈಯಲ್ಲಿ ಹಳೆಯ ಪ್ರಯಾಣದ ಪೆಟ್ಟಿಗೆ, ಇನ್ನೊಂದು ಕೈಯಲ್ಲಿ ತನ್ನದೇ ಚಡ್ಡಿ ಹಿಡಿದುಕೊಂಡು.

ಪೆಟ್ಟಿಗೆಯೇನೋ ಒಟಿಲಿಯಾ ಕ್ರೆಬ್ಸ್‌ಗೆ ಅರ್ಥವಾಯಿತು. ಟಾರ್ಲಿ ಊರಿನಲ್ಲಿ ಜೀನು, ಲಗಾಮು, ಬೆಲ್ಟು, ಪೆಟ್ಟಿಗೆ, ತೊಗಲಿನದು ಏನು ಕಿತ್ತುಹೋದರೂ ಬರುತ್ತಿದ್ದದ್ದು ಅವಳ ಅಪ್ಪನ ಅಂಗಡಿಗೇ. ಚಡ್ಡಿ ಯಾಕೆ ಬಂತೆಂದು ತಿಳಿಯಲಿಲ್ಲ. ಮೊಣಕಾಲುದ್ದದ, ಒಳಗೆ ಹತ್ತಿ ತುಂಬಿದ ಕ್ಯಾನ್ವಾಸ್ ಚಡ್ಡಿ. ಮಣ್ಣು ಮೆತ್ತಿ ತನ್ನಷ್ಟಕ್ಕೆ ತಾನೇ ನಿಲ್ಲುವ ಹಾಗಿತ್ತು.

"ಈ ಪೆಟ್ಟಿಗೆಯ ಎರಡು ಹಿಡಿಕೆ ಬಿಚ್ಚಬೇಕು," ಅಂದ.

"ಹೊಸ ಹಿಡಿಕೆ ಹಾಕಬೇಕಾ?"

"ಇಲ್ಲ, ಇವನ್ನೇ ಹಾಕಬೇಕು. ಚಡ್ಡಿಗೆ. ಎಡಕ್ಕೊಂದು, ಬಲಕ್ಕೊಂದು."

ಒಟಿಲಿಯಾ ಗಡಿಯಾರ ನೋಡಿದಳು. ಬೆಳಗ್ಗೆ ಹನ್ನೊಂದು. ಈ ಹೊತ್ತಿಗೇ ಕುಡಿಯುವವರು ಊರಿನಲ್ಲಿ ಇಬ್ಬರಿದ್ದರು, ಇಬ್ಬರ ಮುಖವೂ ಅವಳಿಗೆ ಗೊತ್ತಿತ್ತು.

"ಹೆಂಡದಂಗಡಿ ಎದುರುಗಡೆ ಇದೆ."

"ಗೊತ್ತು. ಅಲ್ಲಿ ಹೊಲಿಗೆ ಹಾಕಲ್ಲ ಅಂದ್ರು."

ಹಿಂದೆ ಕೆಲಸದ ಮಣೆಯ ಮೇಲಿಂದ ಒಂದು ಸಣ್ಣ ಗೊರಕೆಯಂಥ ಸದ್ದು ಬಂತು. ಅಪ್ಪ ಕೊನ್ರಾಡ್ ಕ್ರೆಬ್ಸ್ ನಗುತ್ತಿದ್ದದ್ದು ಹಾಗೆ. ಹಗಲಿಡೀ ಬಾಯಲ್ಲಿ ದಬ್ಬಳ ಕಚ್ಚಿಕೊಂಡೇ ಇರುತ್ತಿದ್ದ ಮನುಷ್ಯ. ಅಂಗಡಿ ಮುಚ್ಚುವ ತನಕ ಅವನ ಅಭಿಪ್ರಾಯಗಳೆಲ್ಲ ಮೂಗಿನ ಮೂಲಕವೇ.

"ನಾನು ಗ್ವಿಲಿಮ್ ಪ್ರೋಸರ್. ನಮ್ಮೂರ ಫುಟ್‌ಬಾಲ್ ತಂಡದ ಹಾಫ್‌ಬ್ಯಾಕ್, ಅಂದ್ರೆ ಚೆಂಡು ಹಿಡಿದು ನುಗ್ಗೋನು," ಎಂದ ಆ ಆಸಾಮಿ. "ಎದುರಾಳಿಗಳು ಗೋಡೆ ಥರ ಸಾಲಾಗಿ ನಿಂತಿರ್ತಾರೆ. ಗೋಡೆ ಒಡೆಯೋಕೆ ನಾನು ಸಣ್ಣವನು. ಅದಕ್ಕೆ ನಮ್ಮವರು ನನ್ನನ್ನ ಎತ್ತಿ ಗೋಡೆ ಆಚೆಗೆ ಎಸೀತಾರೆ. ಚೆಂಡು ನನ್ನ ಕೈಲಿರುತ್ತೆ. ಆದ್ರೆ ಹಿಡ್ಕೊಳ್ಳೋಕೆ ಏನೂ ಸಿಗ್ತಿಲ್ಲ ಅಂತ ಅವರ ದೂರು."

"ನಿಮ್ಮನ್ನ ಎಸೀತಾರೆ."

"ಶನಿವಾರ ಶನಿವಾರ."

"ಅದಕ್ಕೆ ಸಂಬಳ ಕೊಡ್ತಾರೆ."

"ಕೊಡ್ತಾರೆ. ತಗಡಿನ ಕಾರ್ಖಾನೆಯಲ್ಲಿ ಬೆಂಕಿ ಮುಂದೆ ನಿಂತಾಗ ಕೊಡ್ತಿದ್ದದ್ದಕ್ಕಿಂತ ಜಾಸ್ತಿನೇ."

ಹತ್ತೊಂಬೈನೂರ ಒಂದನೇ ಇಸವಿಯ ಪೆನ್ಸಿಲ್ವೇನಿಯಾದಲ್ಲಿ ಆಟಕ್ಕೆ ಕೂಲಿ ತೆಗೆದುಕೊಳ್ಳುವುದು ಇನ್ನೂ ಮರ್ಯಾದಸ್ಥರ ಲಕ್ಷಣವಾಗಿರಲಿಲ್ಲ. ಆಟದ ಹೆಸರು ಫುಟ್‌ಬಾಲ್ ಎಂದಿದ್ದರೂ ಕಾಲಿಗಿಂತ ತಲೆ, ಭುಜ, ಪಕ್ಕೆಲುಬುಗಳಿಗೇ ಅಲ್ಲಿ ಕೆಲಸ ಹೆಚ್ಚು. ಒಟಿಲಿಯಾ ಚಡ್ಡಿಯನ್ನು ಎರಡು ಬೆರಳಲ್ಲಿ ಎತ್ತಿಕೊಂಡಳು. ಅವಳಿಗೆ ಇಪ್ಪತ್ತಾರು. ಇಷ್ಟು ವರ್ಷದಲ್ಲಿ ಗಂಡಸೊಬ್ಬ ಅವಳ ಮುಂದೆ ತನ್ನ ಮೂರ್ಖತನವನ್ನು ಇಷ್ಟು ಪ್ರಾಮಾಣಿಕವಾಗಿ ಒಪ್ಪಿಕೊಂಡದ್ದು ಇದೇ ಮೊದಲು.

"ಹಾಕ್ಕೊಂಡು ಬನ್ನಿ," ಅಂದಳು. "ಅಳತೆ ತಗೋಬೇಕು."

*

ಅವಳು ಹುಟ್ಟಿದಂದಿನಿಂದ ಕುದುರೆಗಳಿಗೆ ಅಳತೆ ತೆಗೆದವಳು. ಅಳತೆ ತೆಗೆಯುವಾಗ ಕುದುರೆಗಳು ಅವಳನ್ನು ಹೀಗೆ ನೋಡುತ್ತಿರಲಿಲ್ಲ.

"ಅಲ್ಲಾಡಬೇಡಿ."

"ಉಸಿರಾಡಬಹುದಾ?"

"ಅಗತ್ಯ ಇದ್ದಷ್ಟು."

ಅವನು ಅಗತ್ಯಕ್ಕಿಂತ ತುಸು ಹೆಚ್ಚೇ ಉಸಿರಾಡಿದ. ಸೊಂಟದ ಪಕ್ಕದಲ್ಲಿ ಸೀಮೆಸುಣ್ಣದಿಂದ ಗುರುತು ಹಾಕುವಾಗ ಅವಳು ತಲೆ ಎತ್ತಲಿಲ್ಲ. ಎತ್ತದಿದ್ದರೂ ಅವನ ಕಣ್ಣು ತನ್ನ ಬೈತಲೆಯ ಮೇಲೇ ಇದೆ ಎಂದು ಗೊತ್ತಾಗುತ್ತಿತ್ತು, ಹಿಮದ ಕಾಲದಲ್ಲಿ ಬೆನ್ನಿಗೆ ಬಿದ್ದ ಬಿಸಿಲು ಗೊತ್ತಾಗುವ ಹಾಗೆ.

"ಊರಲ್ಲಿ ಕ್ಷೌರಿಕ ಇಲ್ವಾ?" ಎಂದು ಕೇಳಿದಳು, ಏನಾದರೂ ಕೇಳಬೇಕಲ್ಲ.

"ಜೂನ್‌ನಿಂದ ಕತ್ತರಿ ಮುಟ್ಟಿಸಿಲ್ಲ. ಆಟಗಾರರು ಯಾರೂ ಮುಟ್ಟಿಸಲ್ಲ. ತಲೆಗೆ ಪೆಟ್ಟು ಬಿದ್ದಾಗ ಇದೇ ದಿಂಬು."

ನಿಜಕ್ಕೂ ಅವನ ಕೂದಲು ಸೇವಂತಿಗೆ ಹೂವಿನ ಹಾಗೆ ಅರಳಿತ್ತು. ಹಳದಿ ಸೇವಂತಿಗೆ. ಅದರ ಕೆಳಗೆ ಎರಡು ಸಲ ಮುರಿದು ಎರಡು ಸಲವೂ ಬೇರೆ ಬೇರೆ ದಿಕ್ಕಿಗೆ ಕೂಡಿಕೊಂಡ ಮೂಗು. ಸುಂದರ ಎನ್ನುವ ಮುಖವಲ್ಲ. ಆದರೆ ಆ ಸಂಜೆ ಅವಳು ಅದನ್ನು ಬೇಡವೆಂದರೂ ನಾಲ್ಕು ಸಲ ನೆನಪಿಸಿಕೊಂಡಳು, ಮೂಗಿನ ಸಮೇತ.

ಹೊಲಿಯುವಾಗ ಅವನು ಮುಕ್ಕಾಲಿಯ ಮೇಲೆ ಕೂತು ನೋಡಿದ. ಮೇಣ ಹಚ್ಚಿದ ಒಂದೇ ದಾರ, ಎರಡು ತುದಿಗೆ ಎರಡು ಸೂಜಿ. ಒಂದೇ ತೂತಿನಲ್ಲಿ ಒಂದು ಈ ಕಡೆಯಿಂದ ಹೋಗುತ್ತಿತ್ತು, ಇನ್ನೊಂದು ಆ ಕಡೆಯಿಂದ ಬರುತ್ತಿತ್ತು.

"ಯಾಕೆ ಎರಡು?"

"ಒಂದು ಹೊಲಿಗೆ ಹರಿದ್ರೂ ಮಿಕ್ಕಿದ್ದು ಬಿಡಲ್ಲ. ಕುದುರೆ ಸವಾರನ ಪ್ರಾಣ ಇದರ ಮೇಲಿರುತ್ತೆ."

"ಒಂದೇ ಸೂಜಿಲಿ ಹೊಲಿದ್ರೆ?"

"ಒಂದು ಹರಿದ್ರೆ ಇಡೀ ಸಾಲೇ ಬಿಚ್ಚಿಕೊಳ್ಳುತ್ತೆ. ಅದು ದರ್ಜಿಗಳ ಕೆಲಸ." ಬೇರೆಯವರು ಕಳ್ಳ ಎನ್ನುವ ದನಿಯಲ್ಲಿ ಅವಳು ದರ್ಜಿ ಎಂದಳು.

ಅಲ್ಲಿಂದಾಚೆ ಪ್ರತಿ ಸೋಮವಾರ ಅವನು ಬಂದ. ಹಿಡಿಕೆ ಅಲ್ಲಾಡುತ್ತಿದೆ ಅನ್ನುವನು. ಹಿಡಿಕೆ ಕಲ್ಲಿನ ಹಾಗಿರುತ್ತಿತ್ತು. ಸಡಿಲವಾಗುತ್ತ ಬಂದದ್ದು ನೆಪ ಮಾತ್ರ. ನಾಲ್ಕನೇ ಸೋಮವಾರ ಚಡ್ಡಿ ತರುವುದನ್ನೇ ಮರೆತು ಬಂದ.

"ಏನು ರಿಪೇರಿ ಮಾಡ್ಲಿ?" ಎಂದಳು.

"ನೀವೇ ಹುಡುಕಿ."

ಕೊನ್ರಾಡ್ ಕ್ರೆಬ್ಸ್ ಬಾಯಿಂದ ದಬ್ಬಳ ತೆಗೆದ. ಅದು ವರ್ಷಕ್ಕೊಮ್ಮೆ ನಡೆಯುವ ಸಂಗತಿ. "ನಾನು ಒಳಗೆ ಹೋಗಿ ಕಾಫಿ ಕುಡೀತೀನಿ," ಎಂದು ಹೇಳಿ, ಮತ್ತೆ ಕಚ್ಚಿಕೊಂಡು, ಒಳಗೆ ಹೋದ. ಆ ಕಾಫಿ ಮುಗಿಯಲು ಮುಕ್ಕಾಲು ಗಂಟೆ ಬೇಕಾಯಿತು.

*

ಅಕ್ಟೋಬರಿನ ಮೊದಲ ಶನಿವಾರ ಅವಳು ತನ್ನ ಕೆಲಸವನ್ನು ಕಣ್ಣಾರೆ ನೋಡಲು ಮೈದಾನಕ್ಕೆ ಹೋದಳು. ಕೆಲಸ ನೋಡಲು ಎಂದು ಅಪ್ಪನಿಗೆ ಹೇಳಿದ್ದು. ಹೊಸ ಟೋಪಿ ಯಾಕೆ ಎಂದು ಅಪ್ಪ ಕೇಳಲಿಲ್ಲ.

ಮರದ ಪುಡಿ ಹರಡಿದ ಕೆಸರು. ಇಪ್ಪತ್ತೆರಡು ಜನ, ಎಲ್ಲರ ಬಣ್ಣವೂ ಒಂದೇ. ಸೀಟಿ ಊದಿದ ಕೂಡಲೇ ಮಲ್ವಿಹಿಲ್ ಎಂಬ, ಬಾಗಿಲಷ್ಟು ಅಗಲದ ಐರಿಷ್ ದಾಂಡಿಗ ಒಂದು ಹಿಡಿಕೆಗೆ ಕೈ ಹಾಕಿದ, ಇನ್ನೊಬ್ಬ ಇನ್ನೊಂದಕ್ಕೆ. ಒಂದು, ಎರಡು, ಮೂರು. ಗ್ವಿಲಿಮ್ ನೆಲ ಬಿಟ್ಟ.

ಅವಳಿಗೂ ಒಂದು ಕ್ಷಣ ನೆಲ ತಪ್ಪಿತು.

ಅವನು ಅಷ್ಟೆತ್ತರದಲ್ಲಿ, ಎರಡು ಊರಿನ ಸಿಟ್ಟಿನ ಮೇಲೆ, ಚೆಂಡನ್ನು ಮಗುವಿನ ಹಾಗೆ ತಬ್ಬಿಕೊಂಡು, ಸೇವಂತಿಗೆ ತಲೆ ಕೆದರಿಕೊಂಡು, ನಗುತ್ತ ಹೋದ. ದೇವದೂತರಿಗೆ ರೆಕ್ಕೆ ಇರುತ್ತದೆ. ಇವನಿಗೆ ಪೆಟ್ಟಿಗೆಯ ಹಿಡಿಕೆ. ಆಚೆ ಕಡೆಯವರು ಆ ಹಿಡಿಕೆಯನ್ನೇ ಹಿಡಿದು ಕೆಳಕ್ಕೆ ಜಗ್ಗಿದರು, ಈಚೆಯವರು ಮೇಲಕ್ಕೆ ಜಗ್ಗಿದರು. ಒಗೆದ ಬಟ್ಟೆ ಹಿಂಡುವ ಹಾಗೆ ಅವನನ್ನು ಎರಡೂ ಕಡೆ ತಿರುಚಿದರು. ಹಿಡಿಕೆ ಬಿಡಲಿಲ್ಲ. ಸೀಟಿ ಊದಿದಾಗ ಅವನು ಇನ್ನೂ ಗಾಳಿಯಲ್ಲೇ ಇದ್ದ.

"ಏನು ಹೊಲಿಗೆ ತಾಯಿ ನಿಮ್ಮದು!" ಎಂದು ಮಲ್ವಿಹಿಲ್ ಗೆರೆಯ ಬಳಿ ಬಂದು ಕೂಗಿದ. "ಚಡ್ಡಿ ಹರಿದ್ರೂ ಹಿಡಿಕೆ ಹರಿಯಲ್ಲ!"

ಜನ ನಕ್ಕರು. ಒಟಿಲಿಯಾ ಕೆಂಪಾದಳು. ಗ್ವಿಲಿಮ್ ಅಷ್ಟು ದೂರದಿಂದ ಅವಳ ಟೋಪಿಯನ್ನು ಗುರುತಿಸಿ, ಇಲ್ಲದ ಟೋಪಿಯನ್ನು ತೆಗೆದಂತೆ ಮಾಡಿ ನಮಸ್ಕರಿಸಿದ. ಅವನ ಎಡಗಿವಿಯಿಂದ ರಕ್ತ ಇಳಿಯುತ್ತಿತ್ತು. ಅದು ಅವನಿಗೆ ಗೊತ್ತಿದ್ದಂತೆ ಕಾಣಲಿಲ್ಲ.

*

ಆ ತಿಂಗಳ ಕೊನೆಗೆ ನದಿಯ ಕೆಳಹರಿವಿನ ಊರೊಂದರಲ್ಲಿ ಒಬ್ಬ ಆಟಗಾರ ಸತ್ತ. ಇವನಂತೆಯೇ ಎಸೆಸಿಕೊಳ್ಳುವವನು, ಇಪ್ಪತ್ತೊಂದು ವರ್ಷ. ತಲೆ ಕೆಳಗಾಗಿ ಬಿದ್ದನಂತೆ. ಪತ್ರಿಕೆಯಲ್ಲಿ ಐದು ಸಾಲು ಬಂತು, ಅದರಲ್ಲಿ ಮೂರು ಸಾಲು ಪಂದ್ಯದ ಫಲಿತಾಂಶ.

ಅದೇ ವಾರ ಗ್ವಿಲಿಮ್‌ಗೆ ಫಿಲಡೆಲ್ಫಿಯಾ ಕಡೆಯ ದೊಡ್ಡ ತಂಡವೊಂದರಿಂದ ಕಾಗದ ಬಂದಿತ್ತು. ಅವನು ಅದನ್ನು ಅಂಗಡಿಗೆ ತಂದು ಮಣೆಯ ಮೇಲಿಟ್ಟ. ಅವಳು ಪತ್ರಿಕೆಯ ತುಣುಕನ್ನು ಅದರ ಪಕ್ಕದಲ್ಲಿಟ್ಟಳು. ಇಬ್ಬರೂ ಎರಡನ್ನೂ ಓದಿದರು.

"ಮೂರು ವರ್ಷ," ಅಂದ. "ಆಮೇಲೆ ಬಿಟ್ಬಿಡ್ತೀನಿ."

"ಮೂರು ವರ್ಷ ಆದ್ಮೇಲೆ ಬಿಡೋಕೆ ಏನು ಉಳಿದಿರುತ್ತೆ? ಎಡಗಿವಿ ಕೇಳಿಸಲ್ಲ. ಭುಜ ಎತ್ತಕ್ಕಾಗಲ್ಲ. ಹೋದ ವಾರ ನೀನು ನನ್ನ ಹೆಸರು ಮರೆತು ಐದು ನಿಮಿಷ ಮುಖ ನೋಡ್ತಾ ಕೂತಿದ್ದೆ."

"ಅದು ಮರೆವಲ್ಲ, ಮುಖ ನೋಡೋಕೆ ನೆಪ."

"ಗ್ವಿಲಿಮ್."

ಅವನು ನಗು ನಿಲ್ಲಿಸಿದ. "ಟಿಲಿ, ನೆಲದ ಮೇಲೆ ನಾನ್ಯಾರು ಹೇಳು? ತಗಡಿನ ಕಾರ್ಖಾನೆಯ ಪ್ರೋಸರನ ಆರನೇ ಮಗ. ಮೇಲೆ ಹೋದಾಗ ಮೂರು ಸಾವಿರ ಜನ ಒಂದೇ ಸಲ ಉಸಿರು ಹಿಡೀತಾರೆ. ಅದನ್ನ ಕೇಳಿದವನಿಗೆ..." ಮಾತು ಸಿಗದೆ ಕೈಯೆತ್ತಿದ, ಭುಜ ಬಿಟ್ಟಷ್ಟು. "ನನ್ನ ಜೊತೆ ಬರ್ತೀಯಾ ಫಿಲಡೆಲ್ಫಿಯಾಕ್ಕೆ?"

"ನಿನ್ನನ್ನ ಎಸೆಯೋದು ನೋಡೋಕಾ?"

"ಹಿಡಿಕೆ ಹೊಲಿಯೋಕೆ."

ಅವನು ಅವಳ ಕೈ ಹಿಡಿದುಕೊಂಡ. ಮೇಣದ ದಾರ ಎಳೆದೆಳೆದು ಗಟ್ಟಿಯಾದ ತೋರುಬೆರಳ ಗೆರೆಯ ಮೇಲೆ ಹೆಬ್ಬೆರಳಾಡಿಸುತ್ತ, ಹಗುರಾಗಲು ನೋಡಿದ:

"ಸರಿ, ಒಪ್ಪಂದ. ನಿನ್ನ ಹೊಲಿಗೆ ಹಿಡಿದಿರೋ ತನಕ ಹಾರ್ತೀನಿ. ಅದು ಕಿತ್ತ ದಿನ ಇಳಿದು ಬಂದು, ಇದೇ ಮುಕ್ಕಾಲಿ ಮೇಲೆ ಕೂತು, ನಿಮ್ಮಪ್ಪನ ಜೊತೆ ದಬ್ಬಳ ಕಚ್ಚುತೀನಿ. ಆಯ್ತಾ?"

ಗ್ವಿಲಿಮನಂಥ ವೇಲ್ಸ್ ಕಡೆಯವರು ಇಂಥ ಮಾತನ್ನು ದಿನಕ್ಕೆ ಹತ್ತು ಆಡಿ, ಹತ್ತನ್ನೂ ಊಟದ ಹೊತ್ತಿಗೆ ಮರೆಯುತ್ತಾರೆ. ಕ್ರೆಬ್ಸ್ ಮನೆತನದಲ್ಲಿ ತಮಾಷೆಯ ರೂಢಿ ಇರಲಿಲ್ಲ. ಒಪ್ಪಂದ ಎಂದರೆ ಅಲ್ಲಿ ಒಪ್ಪಂದ.

*

ಹ್ಯಾಡನ್ ಮಿಲ್ಸ್ ಊರಿನ ಮೇಲಿನ ಪಂದ್ಯಕ್ಕೆ ಎರಡು ದಿನ ಮೊದಲು ಅವಳು ಎರಡೂ ಹಿಡಿಕೆ ಬಿಚ್ಚಿದಳು. ದಾರ ಸವೆದಿದೆ ಎಂದು ಅವನಿಗೆ ಹೇಳಿದಳು. ಅವಳ ಮಾತನ್ನು ಅನುಮಾನಿಸುವುದು ಅವನಿಗೆ ತಿಳಿದಿರಲಿಲ್ಲ.

ಮಧ್ಯಾಹ್ನದ ಬೆಳಕು ಚೆನ್ನಾಗಿತ್ತು. ಅಪ್ಪ ಊರಾಚೆ ಗಾಡಿಯ ಕೆಲಸಕ್ಕೆ ಹೋಗಿದ್ದ. ಅವಳು ದಾರಕ್ಕೆ ಮೇಣ ಹಚ್ಚಿ, ಒಂದು ಸೂಜಿ ಪೋಣಿಸಿ, ಇನ್ನೊಂದನ್ನು ಸೂಜಿದಿಂಬಿಗೆ ಚುಚ್ಚಿಟ್ಟಳು.

ಅವಳ ಲೆಕ್ಕ ಸರಳವಾಗಿತ್ತು. ಮೊದಲ ಸಲ ಎತ್ತುವಾಗಲೇ, ಅವನ ಕಾಲು ನೆಲದ ಮೇಲಿರುವಾಗಲೇ, ಎರಡೂ ಹಿಡಿಕೆ ಎತ್ತುವವರ ಕೈಗೆ ಬರುತ್ತವೆ. ಜನ ನಗುತ್ತಾರೆ. ಅವನಿಗೆ ಅವಮಾನವಾಗುತ್ತದೆ. ಅವಮಾನದಿಂದ ಯಾರ ಸೊಂಟವೂ ಮುರಿದಿಲ್ಲ. ಒಪ್ಪಂದದಂತೆ ಅವನು ಇಳಿದು ಬರುತ್ತಾನೆ. ನೋಡಲು ಥೇಟ್ ಎರಡು ಸೂಜಿಯ ಹಾಗೆ ಕಾಣುವ ಸುಳ್ಳು ಹೊಲಿಗೆಯನ್ನು ಅವಳು ಬಹಳ ಅಂದವಾಗಿ ಹೊಲಿದಳು. ಕೆಟ್ಟದಾಗಿ ಹೊಲಿಯಲು ಅವಳ ಕೈಗೆ ಬರುತ್ತಿರಲಿಲ್ಲ. ಅದೇ ತಪ್ಪಾಯಿತು.

ಮೊದಲ ಸಲ ಎತ್ತಿದಾಗ ಹೊಲಿಗೆ ತಡೆಯಿತು. ಎರಡನೇ ಸಲವೂ ತಡೆಯಿತು. ಗೆರೆಯ ಬಳಿ ನಿಂತ ಒಟಿಲಿಯಾ ಅವನ ಹೆಸರು ಹಿಡಿದು ಕೂಗಿದಳು. ಮೂರು ಸಾವಿರ ಜನ ಕೂಗುವಾಗ ಒಬ್ಬಳ ಕೂಗಿಗೆ ಯಾವ ಬೆಲೆ? ಮೂರನೇ ಸಲ ಅವನು ಎಲ್ಲ ಸಲಕ್ಕಿಂತ ಎತ್ತರಕ್ಕೆ ಹೋದ. ಬಲ ಹಿಡಿಕೆ ಇನ್ನೂ ಮಲ್ವಿಹಿಲನ ಮುಷ್ಟಿಯಲ್ಲಿತ್ತು. ಆಚೆ ಸಾಲಿನಿಂದ ಒಂದು ಕೈ ಮೇಲೆದ್ದು ಎಡದ್ದನ್ನು ಹಿಡಿಯಿತು.

ಒಬ್ಬನೇ. ಒಂದೇ ಕೈ. ಅವಳಿಗೆ ಅದು ಸ್ಪಷ್ಟವಾಗಿ ಕಂಡಿತು. ಜಗ್ಗಿದ್ದು ಕೂಡ ಅಲ್ಲ, ಹಿಡಿದನಷ್ಟೆ. ಹೊಲಿಗೆಯ ಸಾಲು ಪೂರ್ತಿ ಬಿಚ್ಚಿಕೊಂಡಿತು.

ಗ್ವಿಲಿಮ್ ಬಲ ಹಿಡಿಕೆಯ ಮೇಲೆ ಗಿರಕಿ ಹೊಡೆದು, ಬಾಗಿಲ ಕೀಲು ಕಿತ್ತಂತೆ ಓರೆಯಾಗಿ ಇಳಿದ. ಅವನ ಮೇಲೆ ಹತ್ತು ಜನ ಬಿದ್ದರು. ಒಬ್ಬೊಬ್ಬರಾಗಿ ಏಳುವುದಕ್ಕೆ ಬಹಳ ಹೊತ್ತು ಹಿಡಿಯಿತು. ಕೆಳಗಿನವನು ಏಳಲಿಲ್ಲ.

ಕೆಸರಲ್ಲಿ ಬಿದ್ದ ಹಿಡಿಕೆಯನ್ನು ಅವಳೇ ಎತ್ತಿಕೊಂಡಳು. ಅಪ್ಪ ಅದನ್ನು ನೋಡಿದ್ದರೆ ಪುಸ್ತಕದಂತೆ ಓದಿಬಿಡುತ್ತಿದ್ದ. ಒಲೆಗೆ ಹಾಕಿದಳು.

*

"ನಡೀತಾನೆ. ಓಡಲ್ಲ," ಎಂದರು ಡಾಕ್ಟರು. ಬಲ ಸೊಂಟದ ಕೀಲು ಒಡೆದಿತ್ತು. ಕಾರ್ಖಾನೆಯ ಕೆಲಸವೂ ಇನ್ನು ಆಗದು.

ಅವನನ್ನು, ಅವನು ಬಾಡಿಗೆಗಿದ್ದ ಮಿಸೆಸ್ ಟ್ಯಾನ್ಸಿಯ ಮನೆಯ ಮುಂದಿನ ಕೋಣೆಯಲ್ಲಿ ಮಲಗಿಸಿದರು. ಎರಡು ವಾರ ಅವನು ಗೋಡೆಗೆ ಮುಖ ಮಾಡಿಕೊಂಡಿದ್ದ. ಒಟಿಲಿಯಾ ದಿನಾ ಬಂದು ಕೂರುತ್ತಿದ್ದಳು, ಸಾರು ತರುತ್ತಿದ್ದಳು, ಸಾರನ್ನು ವಾಪಸು ಒಯ್ಯುತ್ತಿದ್ದಳು.

ಮೂರನೇ ವಾರ ಮಲ್ವಿಹಿಲ್ ಬಂದು, ಏನಾದರೂ ಒಳ್ಳೆಯದು ಹೇಳಬೇಕೆಂದು ಹುಡುಕಿ, ಹೇಳಿದ: "ಅವಳ ಹೊಲಿಗೆ ಕೀಳೋದಂದ್ರೇನು ಗ್ವಿಲ್! ಮೂರು ಜನ ಜೋತುಬಿದ್ದಿದ್ರು ಕಣೋ. ಮೂರು ಜನ ಬೇಕಾಯ್ತು ನಿನ್ನನ್ನ ಇಳಿಸೋಕೆ."

ಗ್ವಿಲಿಮ್ ಗೋಡೆಯಿಂದ ತಿರುಗಿದ. "ಮೂರು?"

"ನಾನೇ ಕಂಡೆ." ತಲೆ ತಗ್ಗಿಸಿ ಬಲ ಹಿಡಿಕೆ ಎತ್ತುತ್ತಿದ್ದ, ಆಮೇಲೆ ರಾಶಿಯ ಅಡಿ ಬಿದ್ದ ಮಲ್ವಿಹಿಲ್ ಏನನ್ನೂ ಕಂಡಿರಲಿಲ್ಲ.

ಅಂದಿನಿಂದ ಗ್ವಿಲಿಮ್ ಸಾರು ಕುಡಿದ. ನೋಡಲು ಬಂದವರಿಗೆಲ್ಲ ಹೇಳತೊಡಗಿದ: ಹ್ಯಾಡನ್ ಮಿಲ್ಸಿನವರು, ಮೂರು ಜನ, ಒಬ್ಬೊಬ್ಬನೂ ಇನ್ನೂರು ಪೌಂಡ್. ಹೇಳುವಾಗ ದಿಂಬಿಗೆ ಒರಗಿ ಏಳುವನು, ಕಣ್ಣಿಗೆ ಹಳೆಯ ಎತ್ತರ ಬರುವುದು. ಕೇಳಿದವರು ಉಸಿರು ಹಿಡಿಯುವರು. ಕೊನೆಗೆ ಒಟಿಲಿಯಾ ಕಡೆ ಕೈ ತೋರಿಸಿ, "ಹೊಲಿದವಳು ಇವಳೇ," ಎನ್ನುವನು. ಮದುವೆಯ ಮಾತನ್ನು ಇನ್ನೂ ಎತ್ತಿರಲಿಲ್ಲ. ಆದರೆ ಒಂದು ದಿನ ಅವಳು ಊರುಗೋಲು ತಂದುಕೊಟ್ಟಾಗ, ಅದನ್ನು ತಿರುಗಿಸಿ ನೋಡುತ್ತ, "ಇದನ್ನ ಹಿಡ್ಕೊಂಡು ಚರ್ಚಿನೊಳಗೆ ನಡೆದ್ರೆ ಪಾದ್ರಿ ನಗ್ತಾರಾ?" ಎಂದು ಕೇಳಿದ.

ಅವಳಿಗೆ ಅಂದು ನಿದ್ದೆ ಬರಲಿಲ್ಲ. ಸುಳ್ಳಿನ ಮೇಲೆ ಮನೆ ಕಟ್ಟುವವರಿದ್ದಾರೆ. ಮಕ್ಕಳು ಮೊಮ್ಮಕ್ಕಳ ತನಕ ಅದು ಗಟ್ಟಿಯಾಗಿಯೇ ನಿಲ್ಲುತ್ತದೆ. ಆದರೆ ಅವಳು ಕ್ರೆಬ್ಸ್. ಹೊಲಿಗೆ ಎಲ್ಲಿ ಸುಳ್ಳೋ ಅಲ್ಲಿಗೇ ಅವಳ ಬೆರಳು ಹೋಗುತ್ತಿತ್ತು.

ಮರುದಿನ ಬೆಳಗ್ಗೆ ಹೋಗಿ, ಟೋಪಿ ತೆಗೆದಿಟ್ಟು, ಕೂತು, ಹೇಳಿದಳು.

"ಒಂದೇ ಸೂಜಿಯಲ್ಲಿ ಹೊಲಿದಿದ್ದೆ."

ಅವನಿಗೆ ವಿವರಿಸುವ ಅಗತ್ಯವಿರಲಿಲ್ಲ. ಎಷ್ಟು ಸೋಮವಾರ ಆ ಮುಕ್ಕಾಲಿಯ ಮೇಲೆ ಕೂತು ನೋಡಿದ್ದ.

"ಎರಡೂನಾ?" ಎಂದು ಕೇಳಿದ.

"ಎರಡೂ. ನೆಲದ ಮೇಲೇ ಕೀಳುತ್ತೆ ಅಂದ್ಕೊಂಡೆ. ನೀನು ಹೋಗಬಾರದು ಅಂತ. ಸಾಯಬಾರದು ಅಂತ."

"ಮೂರು ಜನ?"

ಅವಳು ಇಲ್ಲವೆಂದು ತಲೆಯಾಡಿಸಿದಳು.

"ಎಷ್ಟು ಜನ ಟಿಲಿ?"

"ಒಬ್ಬ."

ಅವನು ಕಿಟಕಿ ಕಡೆ ನೋಡಿದ. ಬೀದಿಯಲ್ಲಿ ಬಿಯರ್ ಪೀಪಾಯಿಯ ಗಾಡಿಯೊಂದು ಹೋಯಿತು, ಕುದುರೆಯ ಪಟ್ಟಿ ಕ್ರೆಬ್ಸ್ ಅಂಗಡಿಯದೇ.

"ನಿನ್ನ ಮೇಲೆ ಕೋಪ ಬರಲಿ ಅಂತ ಕಾಯ್ತಾ ಇದೀನಿ," ಅಂದ. "ಬರ್ತಿಲ್ಲ. ಬಂದಿದ್ರೆ ವಾಸಿಯಾಗ್ತಿತ್ತು. ಕೋಪ ಇಳಿಯುತ್ತೆ." ಆಮೇಲೆ, ಮೆತ್ತಗೆ: "ಬೇರೆ ಯಾರಿಗಾದ್ರೂ ಹೇಳಿದೀಯಾ?"

"ಇಲ್ಲ."

"ಹೇಳಬೇಡ. ಆ ಮೂರು ಜನ ಹೋದ್ರೆ ನನಗೆ ಉಳಿಯೋದು ಈ ಕಾಲು ಒಂದೇ." ಅವಳ ಬೆರಳ ಗೆರೆಯ ಮೇಲೆ ಅವನ ಹೆಬ್ಬೆರಳು ಒಂದು ಸಲ ಹೋಗಿ ಬಂತು. "ಮತ್ತೆ, ಟಿಲಿ... ನಾಳೆಯಿಂದ ಬರಬೇಡ. ನೀನು ಆ ಕುರ್ಚಿಯಲ್ಲಿ ಕೂತಿದ್ರೆ ನನಗೆ ಅವನೊಬ್ಬನೇ ಕಾಣ್ತಾನೆ. ಆ ಒಂದು ಕೈ."

"ನಾನು ನಿನ್ನನ್ನ ಪ್ರೀತಿಸ್ತೀನಿ," ಎಂದಳು ಒಟಿಲಿಯಾ. ಹಾಗೆಂದು ಅವಳು ಅದುವರೆಗೆ ಹೇಳಿರಲಿಲ್ಲ. ಹೇಳಿದ್ದರೆ ಸೂಜಿಯ ಅಗತ್ಯ ಬೀಳುತ್ತಿರಲಿಲ್ಲವೇನೋ.

"ಗೊತ್ತು. ಇಷ್ಟು ದೊಡ್ಡ ಪುರಾವೆ ಇನ್ಯಾರು ಕೊಟ್ಟಾರು?" ಎಂದ. ಅವನ ಮುರಿದ ಮೂಗಿನ ಪಕ್ಕದಲ್ಲಿ ನಗುವಿನಂಥದ್ದೊಂದು ಬಂದು, ನಿಲ್ಲಲಾರದೆ ಹೋಯಿತು.

ಅಷ್ಟರಲ್ಲಿ ಬಾಗಿಲು ತಟ್ಟದೆ ಮಲ್ವಿಹಿಲ್ ಒಳಬಂದ. ಅವನ ಹಿಂದೆ ನದಿಯಾಚೆಯ ಗಾಜಿನ ಕಾರ್ಖಾನೆಯವರು ಇಬ್ಬರು, ಟೋಪಿ ಕೈಯಲ್ಲಿ.

"ಗ್ವಿಲ್, ಇವರು ನಿನ್ನ ಬಾಯಿಂದಲೇ ಕೇಳಬೇಕಂತೆ. ಹೇಳಪ್ಪ ಒಂದ್ಸಲ."

ಗ್ವಿಲಿಮ್ ದಿಂಬಿಗೆ ಒರಗಿ ಎದ್ದ. "ಮೂರನೇ ಸಲ ಎತ್ತಿದ್ರು," ಎಂದು ಶುರುಮಾಡಿದ. "ಮೇಲೆ ಹೋದೆ. ಆಗ ಹ್ಯಾಡನ್ ಮಿಲ್ಸಿನವರು..."

ಅಲ್ಲಿಗೆ ಮಾತು ನಿಂತಿತು. ಅವನು ಹೊದಿಕೆಯ ಅಂಚನ್ನು ನೋಡಿದ.

"ಮೂರು ಜನ ಅಂತಲ್ಲ?" ಎಂದ ಬಂದವರಲ್ಲಿ ಒಬ್ಬ, ಸಂಕೋಚದಿಂದಲೇ. "ನಮ್ಮ ಬಾವಮೈದ ಅಲ್ಲಿದ್ದ. ಅವನು ಒಬ್ಬನೇ ಅಂತಾನಪ್ಪ."

ಗ್ವಿಲಿಮ್ ಕಣ್ಣೆತ್ತಲಿಲ್ಲ. ಮೈದಾನದಲ್ಲಿ ಕೂಡ ಅವನು ಅಷ್ಟು ಕೆಳಗೆ ಬಿದ್ದದ್ದನ್ನು ಒಟಿಲಿಯಾ ಕಂಡಿರಲಿಲ್ಲ.

ಅವಳು ಎದ್ದು ಟೋಪಿ ಹಾಕಿಕೊಂಡಳು. ಕನ್ನಡಿಯಿಲ್ಲದೆಯೇ ಪಿನ್ನು ಚುಚ್ಚಿಕೊಂಡಳು.

"ನಿಮ್ಮ ಬಾವಮೈದ ಎಲ್ಲಿ ನಿಂತಿದ್ರೋ ಗೊತ್ತಿಲ್ಲ. ನಾನು ಗೆರೆ ಮೇಲೇ ಇದ್ದೆ. ನಾಲ್ಕು ಜನ."

"ನಾಲ್ಕಾ?" ಎಂದ ಮಲ್ವಿಹಿಲ್.

"ಆ ಹಿಡಿಕೆ ಹೊಲಿದವಳು ನಾನು. ಎರಡು ಸೂಜಿ, ಇಂಚಿಗೆ ಒಂಬತ್ತು ಹೊಲಿಗೆ. ಮೂರು ಜನಕ್ಕೆ ಕಿತ್ತು ಬರೋ ಕೆಲಸ ನಮ್ಮಂಗಡಿಯಲ್ಲಿ ಮಾಡಲ್ಲ."

ಬಂದವರು ಉಸಿರು ಹಿಡಿದರು. ಗ್ವಿಲಿಮ್ ತಲೆಯೆತ್ತಿ ಅವಳನ್ನು ನೋಡಿದ. ಮೊದಲ ದಿನ ಅಳತೆ ತೆಗೆಯುವಾಗ ಅವಳು ತಲೆ ಎತ್ತದೆ ತಪ್ಪಿಸಿಕೊಂಡಿದ್ದ ನೋಟವದು. ಈ ಸಲ ತಪ್ಪಿಸಿಕೊಳ್ಳಲಿಲ್ಲ. ನೋಡಲು ಎಷ್ಟಿತ್ತೋ ಅಷ್ಟನ್ನೂ ನೋಡಿಕೊಂಡು, ಎಲ್ಲರಿಗೂ ಒಂದೇ ಸಮನಾಗಿ ತಲೆಬಾಗಿಸಿ, ಬಾಗಿಲು ದಾಟಿದಳು.

ಮೆಟ್ಟಿಲ ಮೇಲೆ ಕೈಗವಸು ಹಾಕಿಕೊಳ್ಳುವ ನೆಪದಲ್ಲಿ ತುಸು ನಿಂತಳು. ಒಳಗೆ ಅವನ ದನಿ ಮೊದಲು ತಡವರಿಸಿ, ಆಮೇಲೆ ಏರುತ್ತ ಬಂತು. ನಾಲ್ಕನೆಯವನನ್ನು ತಾನು ಮರೆತೇಬಿಟ್ಟಿದ್ದೆ ಎನ್ನುತ್ತಿದ್ದ. ಅವನ ಮೀಸೆಯನ್ನು ವರ್ಣಿಸುತ್ತಿದ್ದ. ಅದು ಬಹಳ ದೊಡ್ಡ, ಕೆಂಪು ಮೀಸೆ. ಒಟಿಲಿಯಾ ಆ ಮೀಸೆ ಮುಗಿಯುವ ತನಕ ಕೇಳಿಸಿಕೊಂಡು, ಬೀದಿಗೆ ಇಳಿದಳು.